ಯಗಚಿ ಸಿಟಿಯ ಹೇಮಾಶ್ರೀ

ಹೇಮಾಶ್ರೀಗೆ ಹದಿನಾಲ್ಕು ವರ್ಷವಾಗಿದ್ದಾಗ ಅವಳ ಅಪ್ಪನ ಆರ್ಕೆಸ್ಟ್ರಾದಲ್ಲಿ ಬಾಸ್ ಗಿಟಾರ್ ನುಡಿಸುತ್ತಿದ್ದವನು ಹೇಳದೆ ಕೇಳದೆ ದಾವಣಗೆರೆಗೆ ಹೊರಟುಹೋದ. ಮರುದಿನವೇ ತಿಪಟೂರಿನಲ್ಲಿ ಒಂದು ಆರತಕ್ಷತೆಗೆ ಕಾರ್ಯಕ್ರಮ ಒಪ್ಪಿಕೊಂಡಾಗಿತ್ತು. ಅರಸೀಕೆರೆ ಸ್ಟೇಷನ್ನಿನ ಹಿಂದಿನ ಬೀದಿಯ ಮನೆಯಲ್ಲಿ ಅಪ್ಪ ನಟರಾಜ್ ತಲೆಯ ಮೇಲೆ ಕೈ ಹೊತ್ತು ಕುಳಿತಿದ್ದ. ಹುಡುಗಿ ಮೂಲೆಯಲ್ಲಿದ್ದ ಬಾಸ್ ಗಿಟಾರನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡು, ದಿನಾ ಕೇಳಿ ಬಾಯಿಪಾಠವಾಗಿದ್ದ ಹಾಡೊಂದರ ತಳದ ಸ್ವರಗಳನ್ನು ಮೀಟಿದಳು. ಅಪ್ಪ ತಲೆಯ ಮೇಲಿನ ಕೈ ತೆಗೆದ.

ಅಲ್ಲಿಂದ ಎಂಟು ವರ್ಷ ಅವಳು ವೇದಿಕೆಯ ಮೇಲೆ ನಿಂತಳು. ನಿಂತಿದ್ದು ಹಿಂದೆ, ಡ್ರಮ್ಮಿನ ಮಗ್ಗುಲಲ್ಲಿ. ಶಾಲು, ಹಾರ ಎಲ್ಲ ಹಾಡುವವರಿಗೆ. ಊಟಕ್ಕೆ ಕುಳಿತಾಗ ಹೆಂಗಸರು, "ನೀನು ಯಾಕಮ್ಮ ಅಲ್ಲಿ ಸುಮ್ನೆ ನಿಂತಿದ್ದೆ?" ಎಂದು ಕೇಳಿದ್ದೂ ಉಂಟು. ಬಾಸ್ ಗಿಟಾರಿನ ಪಾಡೇ ಅದು. ಇದ್ದಾಗ ಯಾರಿಗೂ ತಿಳಿಯುವುದಿಲ್ಲ, ಇಲ್ಲದಿದ್ದರೆ ಹಾಡಿನ ಸೊಂಟ ಬಿದ್ದುಹೋಗುತ್ತದೆ ಎಂದು ನಟರಾಜ್ ಹೇಳುತ್ತಿದ್ದ.

ಇಪ್ಪತ್ತೆರಡಕ್ಕೆ ಮದುವೆಯಾಯಿತು. ಗಂಡ ಕುಮಾರ, ಹಳೇಬೀಡಿಗೆ ಎರಡು ಮೈಲಿ ದೂರದ ಹಳ್ಳಿಯವನು. ತೆಂಗಿನ ತೋಟ, ಒಂದಿಷ್ಟು ರಾಗಿ ಹೊಲ, ಜೊತೆಗೆ ಅವನ ತಾಯಿ ಲಕ್ಕಮ್ಮ. ಆ ಹೊತ್ತಿಗೆ ಮದುವೆ ಮನೆಗಳಿಗೆ ಡಿಜೆ ಬಂದಿತ್ತು. ನಟರಾಜ್ ಸ್ಪೀಕರುಗಳನ್ನೆಲ್ಲ ಮಾರಿ ಗೆಳೆಯನ ಎಲೆಕ್ಟ್ರಿಕಲ್ ಅಂಗಡಿಯಲ್ಲಿ ಕೂರತೊಡಗಿದ. ಬಾಸ್ ಗಿಟಾರು ಮಾತ್ರ ಹಳೆಯ ದಿಂಬಿನ ಚೀಲದಲ್ಲಿ ಅರಸೀಕೆರೆಯ ಮನೆಯ ಗೋಡೆಯ ಮೇಲೆ ಉಳಿಯಿತು.

ಗಂಡನ ಮನೆಯಲ್ಲಿ ಅವಳಿಗೆ ಕಷ್ಟವೇನೂ ಇರಲಿಲ್ಲ. ಆದರೆ ಒಂದು ಕಡೆ ನಿಲ್ಲಲು ಆಗುತ್ತಿರಲಿಲ್ಲ. ಹೊಲಿಗೆ ಕಲಿತಳು, ಆರು ತಿಂಗಳಿಗೆ ಮಿಷನ್ನಿಗೆ ಬಟ್ಟೆ ಮುಚ್ಚಿದಳು. ಎಮ್ಮೆ ತಂದಳು, ಮಾರಿದಳು. ಮಗಳು ಸಿರಿ ಹುಟ್ಟಿ ಮೂರು ವರ್ಷ ಮನೆಯಲ್ಲಿದ್ದು, ಆಮೇಲೆ ಒಂದು ವರ್ಷ ವಿಮಾ ಏಜೆಂಟಾಗಿ ಊರೂರು ಸುತ್ತಿದಳು. ಕೊನೆಗೆ ಕಂಪ್ಯೂಟರ್ ಕಲಿತು ಹಳೇಬೀಡಿನ ಬಸ್ ನಿಲ್ದಾಣದ ಹತ್ತಿರ ಒಂದು ಸೇವಾ ಕೇಂದ್ರ ಸೇರಿದಳು. ಪಹಣಿ, ಜಾತಿ ಪ್ರಮಾಣಪತ್ರ, ಪಿಂಚಣಿ ಅರ್ಜಿ, ಇಂಥವನ್ನೆಲ್ಲ ಟೈಪು ಮಾಡುವ ಕೆಲಸ.

"ಇವಳ ಕಾಲ್ಗೆ ಗಾಲಿ ಕಟ್ಟೈತೆ ಕಣ್ಲಾ ಮಗ," ಎಂದು ಲಕ್ಕಮ್ಮ ಮಗನಿಗೆ ಹೇಳುತ್ತಿದ್ದಳು. "ನಿಂತಲ್ಲಿ ನಿಲ್ಲಾಕಿಲ್ಲ."

ಕಾಲಿಗಿಂತ ಬೆರಳು ಹೆಚ್ಚು ಚಡಪಡಿಸುತ್ತಿದ್ದವು. ಬಸ್ಸಿನಲ್ಲಿ ಮುಂದಿನ ಸೀಟಿನ ಕಂಬಿಯ ಮೇಲೆ, ಸೊಪ್ಪು ಬೇಯುವುದನ್ನು ಕಾಯುವಾಗ ಒಲೆಯ ಕಟ್ಟೆಯ ಮೇಲೆ, ಎಡಗೈಯ ನಾಲ್ಕು ಬೆರಳು ತಾವಾಗಿಯೇ ನಡೆದಾಡುತ್ತಿದ್ದವು. ತಾನು ಹಾಗೆ ಮಾಡುತ್ತೇನೆಂಬುದು ಅವಳಿಗೇ ಗೊತ್ತಿರಲಿಲ್ಲ.

ಕೊರೊನಾದ ಎರಡನೇ ಅಲೆ ಇಳಿದು ಕೇಂದ್ರದ ಬಾಗಿಲು ಮತ್ತೆ ತೆರೆದ ತಿಂಗಳಲ್ಲಿ ಒಂದು ದಿನ ಬೆಳಿಗ್ಗೆಯೇ ಸರ್ವರ್ ಡೌನ್ ಆಯಿತು. ಹೊರಗೆ ಜನ ಕಟ್ಟೆಯ ಮೇಲೆ ಕುಳಿತಿದ್ದರು. ಹೇಮಾಶ್ರೀ ಕಿವಿಗೆ ಇಯರ್‌ಫೋನ್ ಹಾಕಿಕೊಂಡು ಫೋನಿನಲ್ಲಿ ಯಾವುದೋ ಹಳೆಯ ಹಾಡು ಕೇಳುತ್ತಿದ್ದಳು. ಆ ಹಾಡು ಮುಗಿದ ಮೇಲೆ ಫೋನು ತಾನಾಗಿಯೇ ಇನ್ನೊಂದು ಹಾಡಿಗೆ ಹೋಯಿತು, ಅದರಿಂದ ಮತ್ತೊಂದಕ್ಕೆ. ನಾಲ್ಕನೆಯದೋ ಐದನೆಯದೋ ಶುರುವಾದಾಗ ಅವಳು ಎದ್ದು ನಿಂತಳು.

ಹಾಡುತ್ತಿದ್ದವಳು ಜಪಾನಿನವಳು. ನಲವತ್ತು ವರ್ಷ ಹಿಂದಿನ ಧ್ವನಿಮುದ್ರಿಕೆ. ಪರದೆಯ ಮೇಲೆ ಒಂದು ಕಾರು, ಸಂಜೆಗೆಂಪು ಸಮುದ್ರ. ಮಾತು ಒಂದೂ ತಿಳಿಯಲಿಲ್ಲ. ಆದರೆ ಆ ಹಾಡಿನಲ್ಲಿ ಬಾಸ್ ಗಿಟಾರು ಎಲ್ಲರಿಗಿಂತ ಮುಂದೆ ನಿಂತಿತ್ತು. ಹಾಡುವವಳ ಮಾತಿಗೆ ಎದುರು ಮಾತಾಡುತ್ತಿತ್ತು, ಜಿಗಿಯುತ್ತಿತ್ತು, ನಡುವೆ ತಟಕ್ಕನೆ ಸುಮ್ಮನಾಗಿ ಕಾಯಿಸುತ್ತಿತ್ತು. ಹಿಂದೆ ಸ್ಯಾಕ್ಸೊಫೋನು ಅವಸರವಿಲ್ಲದೆ ಬಂದು ಹೋಗುತ್ತಿತ್ತು. ಅಪ್ಪನ ವೇದಿಕೆಯ ಹಿಂದೆ ಎಂಟು ವರ್ಷ ನಿಂತಿದ್ದ ಹೇಮಾಶ್ರೀ, ಬಾಸ್ ಗಿಟಾರು ಹೀಗೂ ಬದುಕಬಹುದು ಎಂಬುದನ್ನು ಮೂವತ್ತೈದನೆಯ ವಯಸ್ಸಿನಲ್ಲಿ ಕೇಳಿದಳು.

ಅಷ್ಟರಲ್ಲಿ ಸರ್ವರ್ ಬಂದಿತ್ತು. "ಅಮ್ಮಣ್ಣಿ, ಬಂತಂತೆ," ಎಂದು ಯಾರೋ ಎರಡು ಸಲ ಕೂಗಿದ ಮೇಲೆ ಅವಳು ಕುಳಿತಳು.

ಆ ವಾರವಿಡೀ ಅದೊಂದೇ ಹಾಡು. ಆಮೇಲೆ ಅಂಥವೇ ಹತ್ತು, ಇಪ್ಪತ್ತು. ಅದಕ್ಕೆ ಸಿಟಿ ಪಾಪ್ ಎಂಬ ಹೆಸರಿದೆ, ಫಂಕ್ ಎಂಬ ಅಮೆರಿಕದ ಕುಣಿತದ ಸಂಗೀತವನ್ನು ಜಪಾನಿನವರು ತಮ್ಮದು ಮಾಡಿಕೊಂಡಿದ್ದು ಎಂದು ಓದಿ ತಿಳಿದಳು. ಭಾನುವಾರ ಬಸ್ಸು ಹತ್ತಿ ಜಾವಗಲ್ ಮೇಲೆ ಅರಸೀಕೆರೆಗೆ ಹೋಗಿ ಗೋಡೆಯ ಮೇಲಿನ ಚೀಲ ಇಳಿಸಿದಳು. ತಂತಿ ತುಕ್ಕು ಹಿಡಿದಿದ್ದವು.

"ಏನಕ್ಕೆ ಈಗ ಅದು?" ಎಂದ ನಟರಾಜ್.

"ನುಡಿಸೋಕೆ."

"ಯಾರಿಗೆ?"

ಹೊಸ ತಂತಿ ಹಾಕಿಸಿಕೊಂಡು ಸಂಜೆಯ ಬಸ್ಸಿಗೆ ವಾಪಸು ಬಂದಳು.

ಕುಮಾರನ ಮನೆಯ ಹಿಂದೆ ಕೊಬ್ಬರಿ ಮಾಡುವ ಅಟ್ಟವಿತ್ತು. ತಿಂಗಳುಗಟ್ಟಲೆ ತೆಂಗಿನಕಾಯಿ ಅಲ್ಲೇ ಒಣಗಬೇಕು. ಅದರ ಕೆಳಗೆ ಒಂದು ಚಿಕ್ಕ ಆಂಪ್ಲಿಫೈಯರ್ ಇಟ್ಟುಕೊಂಡು ಹೇಮಾಶ್ರೀ ಬೆಳಿಗ್ಗೆ ಐದಕ್ಕೆ ಎದ್ದು ಅಭ್ಯಾಸಕ್ಕೆ ಕೂರುತ್ತಿದ್ದಳು. ಬೆರಳ ತುದಿಯಲ್ಲಿ ಮೀಟುವುದು ಅವಳಿಗೆ ಬರುತ್ತಿತ್ತು. ಹೆಬ್ಬೆರಳಿನ ಗೆಣ್ಣಿನಿಂದ ತಂತಿಗೆ ಹೊಡೆದು, ತೋರುಬೆರಳಿನಿಂದ ಎಳೆದು ಬಿಡುವುದು ಬರುತ್ತಿರಲಿಲ್ಲ. ಜಪಾನಿನವರ ಬಾಸ್ ಕುಣಿಯುವುದೇ ಹಾಗೆ. ಹೆಬ್ಬೆರಳಿನಲ್ಲಿ ಬೊಬ್ಬೆ ಎದ್ದು ಒಡೆಯಿತು. ಮುದ್ದೆ ತಿರುವುವಾಗ ಉರಿಯುತ್ತಿತ್ತು. ಮೇಲೆ ಅಟ್ಟದಲ್ಲಿ, ಒಣಗಿ ಚಿಪ್ಪು ಬಿಟ್ಟ ಕೊಬ್ಬರಿ ಗಿಟುಕುಗಳು ಆ ದನಿಗೆ ಕಾಯಿಯೊಳಗೇ ಗಡಗಡ ಎನ್ನುತ್ತಿದ್ದವು.

"ಕಾಯೆಲ್ಲ ನಡುಗ್ತವೆ ಕಣವ್ವ," ಎಂದಳು ಲಕ್ಕಮ್ಮ. "ಏನಂದೆ ಅದ್ರ ಹೆಸ್ರು?"

"ಸಿಟಿ ಪಾಪ್ ಅಂತ, ಅತ್ತೆ."

"ಸಿಟಿ ಪಾಪ ನಮ್ಗ್ಯಾಕವ್ವ?"

ಕುಮಾರ ನಗಲಿಲ್ಲ. ಹೆಂಡತಿಯ ಹೆಬ್ಬೆರಳಿಗೆ ಸುತ್ತಿದ್ದ ಬಟ್ಟೆ ನೋಡಿ, "ಇದೂ ಆರು ತಿಂಗ್ಳಿಗಾ?" ಎಂದು ಕೇಳಿದ.

"ಗೊತ್ತಿಲ್ಲ ಕಣ್ರೀ," ಎಂದಳು ಅವಳು. ನಿಜವಾಗಿಯೂ ಗೊತ್ತಿರಲಿಲ್ಲ.

ಒಬ್ಬಳೇ ನುಡಿಸಿ ನುಡಿಸಿ ಸಾಕಾಯಿತು. ಬಾಸ್ ಗಿಟಾರನ್ನು ಒಂಟಿಯಾಗಿ ನುಡಿಸುವುದೆಂದರೆ ಎದುರಿಗೆ ಯಾರೂ ಇಲ್ಲದೆ ಮಾತಾಡಿದ ಹಾಗೆ. ಅವಳು ಜನ ಹುಡುಕಲು ಹೊರಟಳು. ಮೊದಲು ಸಿಕ್ಕವನು ಮನು. ಅಪ್ಪನ ಆರ್ಕೆಸ್ಟ್ರಾದ ಕೊನೆಯ ಎರಡು ವರ್ಷ ಡ್ರಮ್ಸ್ ಬಾರಿಸಿದ್ದವನು, ಈಗ ಬೇಲೂರಿನಲ್ಲಿ ಟೈರು ಅಂಗಡಿ ಇಟ್ಟಿದ್ದ. ಹಾಡು ಕೇಳಿಸಿದ ಕೂಡಲೇ ಟೈರಿನ ಮೇಲೆ ಸ್ಪ್ಯಾನರಿನಿಂದ ತಾಳ ಹಾಕತೊಡಗಿದ. ಅವನ ಪರಿಚಯದಿಂದ ಶಾಲೆಯೊಂದರಲ್ಲಿ ಸಂಗೀತ ಹೇಳಿಕೊಡುತ್ತಿದ್ದ ಮಧುಕುಮಾರ್ ಕೀಬೋರ್ಡಿಗೆ ಬಂದ. ಬೇಲೂರಿನ ಸೀರೆ ಅಂಗಡಿಯಲ್ಲಿ ಕೆಲಸಕ್ಕಿದ್ದ, ಭಾವಗೀತೆ ಸ್ಪರ್ಧೆಗಳಲ್ಲಿ ಹಾಡಿ ಹೆಸರು ಮಾಡಿದ್ದ ಕೋಮಲ ಹಾಡಲು ಒಪ್ಪಿದಳು.

ಉಳಿದದ್ದು ಸ್ಯಾಕ್ಸೊಫೋನು. ಅದಕ್ಕೆ ಹೇಮಾಶ್ರೀಯ ಮನಸ್ಸಿನಲ್ಲಿದ್ದವನು ಒಬ್ಬನೇ, ಅರಸೀಕೆರೆಯ ಬ್ಯಾಂಡ್ ಸೆಟ್ಟಿನ ಧರ್ಮಪ್ಪ. ಮೂವತ್ತೈದು ವರ್ಷದಿಂದ ಮದುವೆ ಮೆರವಣಿಗೆಗಳ ಮುಂದೆ ಊದಿಕೊಂಡು ನಡೆದವನು. ಅವಳು ಹೋದಾಗ ಛತ್ರವೊಂದರ ಹೊರಗೆ ಕೆಂಪು ಕೋಟು ಹಾಕಿಕೊಂಡು ಗಂಡಿನ ಕಡೆಯವರಿಗೆ ಕಾಯುತ್ತ ಕುಳಿತಿದ್ದ. ಅವಳು ಇಯರ್‌ಫೋನನ್ನು ಅವನ ಕಿವಿಗೆ ಹಾಕಿದಳು. ಧರ್ಮಪ್ಪ ಕಣ್ಣು ಮುಚ್ಚಿ ಕೊನೆಯವರೆಗೂ ಕೇಳಿದ.

"ಯಾರವ್ವ ಇವ್ನು? ನಿಂತ್ಕಂಡು ಊದ್ತಾವ್ನೆ," ಎಂದ.

"ಅಂದ್ರೆ?"

"ನಾನು ಹುಟ್ಟಿದಾರಭ್ಯ ನಡ್ಕೊಂಡೇ ಊದಿದೀನಿ. ಉಸ್ರು ಕಾಲಿಗೆ ಅರ್ಧ ಹೋಯ್ತದೆ. ನಿಂತು ಊದಿದ್ರೆ ಹಿಂಗ್ ಬತ್ತದೆ." ಇನ್ನೊಂದು ಸಲ ಕೇಳಿಸಲು ಹೇಳಿದ.

ಮರುವರ್ಷದ ಆಷಾಢ ಬಂತು. ಆಷಾಢದಲ್ಲಿ ಮದುವೆಯಿಲ್ಲ, ಧರ್ಮಪ್ಪನಿಗೆ ಕೆಲಸವಿಲ್ಲ, ಬೇಲೂರಿನ ಛತ್ರಗಳು ಖಾಲಿ. ಮನುವಿಗೆ ಗೊತ್ತಿದ್ದ ಒಂದು ಛತ್ರದ ಊಟದ ಹಾಲಿನಲ್ಲಿ, ಗೋಡೆಗೆ ಒರಗಿಸಿಟ್ಟ ಮೇಜುಗಳ ನಡುವೆ ಐದು ಜನ ಸೇರಿದರು. ಜಪಾನಿನ ಹಾಡುಗಳನ್ನು ಒಂದೊಂದು ವಾದ್ಯವಾಗಿ ಬಿಡಿಸಿ ಕಲಿತರು. ಕೋಮಲ ಪದಗಳನ್ನು ಕೇಳಿ ಕೇಳಿ ಕನ್ನಡ ಅಕ್ಷರದಲ್ಲಿ ಬರೆದುಕೊಂಡು ಹಾಡುತ್ತಿದ್ದಳು. ತಂಡಕ್ಕೊಂದು ಹೆಸರು ಬೇಕಾಯಿತು.

"ಸಿಟಿ ಪಾಪ್ ನುಡಿಸ್ತೀವಿ, ಸಿಟಿ ಎಲ್ಲೈತಕ್ಕ ನಮ್ಮತ್ರ?" ಎಂದ ಮನು. "ಇರೋದು ಯಗಚಿ ಹೊಳೆ."

ಹಾಗಾಗಿ ಯಗಚಿ ಸಿಟಿ ಎಂದೇ ಆಯಿತು.

ಶ್ರಾವಣದಲ್ಲಿ ಮೊದಲ ಕಾರ್ಯಕ್ರಮ ಸಿಕ್ಕಿತು, ಅರಸೀಕೆರೆಯ ಒಂದು ಆರತಕ್ಷತೆ. ಸಿಕ್ಕಿದ್ದು ನಟರಾಜನ ಹಳೆಯ ಹೆಸರಿನ ಮೇಲೆ. ಮೂರು ಕನ್ನಡ ಹಾಡು ನುಡಿಸಿ ಜಪಾನಿನದಕ್ಕೆ ಇಳಿದರು. ಒಂದು ನಿಮಿಷ ಜನ ಸುಮ್ಮನೆ ನೋಡಿದರು. ಎರಡನೆಯ ನಿಮಿಷಕ್ಕೆ ಮುಂದಿನ ಸಾಲಿನಲ್ಲಿ ನಗು ಶುರುವಾಯಿತು. ಮದುಮಗನ ಗೆಳೆಯರು ಬಂದು ತಮಗೆ ಬೇಕಾದ ಹಾಡಿನ ಹೆಸರು ಹೇಳಿ ಹೋದರು. ಮತ್ತೆ ಬಂದರು. ಹೇಮಾಶ್ರೀ ನಿಲ್ಲಿಸಲಿಲ್ಲ. ಆಗ ಮದುಮಗಳ ಸೋದರಮಾವ ವೇದಿಕೆ ಹತ್ತಿ, ಯಾರ ಮೇಲೂ ಸಿಟ್ಟು ಮಾಡದೆ, "ಸಾಕು ಬಿಡ್ರಮ್ಮ, ಊಟ ಮಾಡಿ ಹೋಗಿ," ಎಂದು ಸ್ಪೀಕರಿಗೆ ಪೆನ್‌ಡ್ರೈವ್ ಸಿಕ್ಕಿಸಿದ.

ಕೊನೆಯ ಸಾಲಿನಲ್ಲಿ ಕುಳಿತಿದ್ದ ನಟರಾಜ್ ಹೊರಗೆ ಬಂದು ಮಗಳ ಹತ್ತಿರ ನಿಂತ. "ಕರೆದವ್ರ ಮನೇಲಿ ಅವ್ರು ಕೇಳಿದ್ದು ಬಡಿಸ್ಬೇಕಮ್ಮ. ಮೂವತ್ತು ವರ್ಷ ನಾನು ಅಷ್ಟೇ ಮಾಡಿದ್ದು."

"ಅದಕ್ಕೇ ನಿಮ್ ಆರ್ಕೆಸ್ಟ್ರಾ ಇಲ್ಲ ಇವತ್ತು," ಎಂದುಬಿಟ್ಟಳು ಹೇಮಾಶ್ರೀ.

ನಟರಾಜ್ ಚಪ್ಪಲಿ ಹುಡುಕಿಕೊಂಡು ಮನೆಗೆ ನಡೆದ. ಆಡಿದ ಮಾತು ಅವಳನ್ನು ಬಸ್ಸಿನ ದಾರಿಯುದ್ದಕ್ಕೂ ಕುಟುಕಿತು. ಆದರೆ ಇಳಿದು ವಾಪಸು ಹೋಗಲಿಲ್ಲ.

ಮುಂದಿನ ಅಭ್ಯಾಸದಲ್ಲಿ ಕೋಮಲ ಬಾಯಿ ಬಿಟ್ಟಳು. "ಅಕ್ಕ, ಅವತ್ತು ಜನ ನಕ್ಕಾಗ ನಂಗೆ ನಾನು ಏನ್ ಹೇಳ್ತಿದೀನಿ ಅಂತಾನೇ ಗೊತ್ತಿರ್ಲಿಲ್ಲ. ಪ್ರೀತಿ ಹಾಡೋ, ಸಾವಿನ ಹಾಡೋ. ಅರ್ಥ ಗೊತ್ತಿಲ್ದೆ ಇನ್ನು ಹಾಡಲ್ಲ."

ಫೋನಿನಲ್ಲಿ ಸಿಗುವ ಅರ್ಥ ಒಂದೊಂದು ಕಡೆ ಒಂದೊಂದು ಥರ ಇತ್ತು. ಹಳೇಬೀಡಿಗೆ ಜಪಾನಿನ ಪ್ರವಾಸಿಗರು ಬರುತ್ತಾರಲ್ಲ ಎಂದು ಹೇಮಾಶ್ರೀಗೆ ಹೊಳೆಯಿತು. ಅಂದಿನಿಂದ ಭಾನುವಾರಗಳಂದು, ಒಮ್ಮೊಮ್ಮೆ ಊಟದ ಬಿಡುವಿನಲ್ಲೂ, ದೇವಸ್ಥಾನದ ಗೇಟಿನ ಹತ್ತಿರ ಓಡಾಡತೊಡಗಿದಳು. ಗೈಡುಗಳೆಲ್ಲ ಪರಿಚಯವಾದರು. "ಹೇಮಕ್ಕ, ಇವತ್ತು ಫ್ರಾನ್ಸ್‌ನವ್ರು ಬಂದವ್ರೆ, ಆಯ್ತದಾ?" ಎಂದು ಚೇಷ್ಟೆ ಮಾಡುತ್ತಿದ್ದರು. ಎರಡು ತಿಂಗಳು ಹಾಗೆಯೇ ಕಳೆಯಿತು. ದೀಪಾವಳಿ ಕಳೆದ ಮೇಲೆ ಒಂದು ವ್ಯಾನು ಬಂತು. ಆರು ಜನ ಜಪಾನಿನ ವಯಸ್ಸಾದವರು, ಜೊತೆಗೆ ಅವರ ಭಾಷೆ ಬಲ್ಲ ಬೆಂಗಳೂರಿನ ಗೈಡು ಅರುಣಾ.

ಹೇಮಾಶ್ರೀ ಕಲ್ಲುಬೆಂಚಿನ ಮೇಲೆ ದಣಿವಾರಿಸಿಕೊಳ್ಳುತ್ತಿದ್ದ ಒಬ್ಬ ಹೆಂಗಸಿನ ಬಳಿ ಹೋಗಿ, ಅರುಣಾಳ ಮೂಲಕ ಮಾತಾಡಿಸಿ, ತಮ್ಮ ತಂಡ ನುಡಿಸಿದ್ದನ್ನು ಕೇಳಿಸಿದಳು. ಆಕೆಗೆ ಅರವತ್ತೈದರ ಮೇಲಾಗಿತ್ತು. ಕೇಳುತ್ತ ಆಕೆಯ ಪಾದ ತಾಳ ಹಾಕತೊಡಗಿತು. ಬಾಸ್ ಬರುವ ಜಾಗದಲ್ಲಿ ಹುಬ್ಬೇರಿಸಿ ಹೇಮಾಶ್ರೀಯ ಕೈ ನೋಡಿದಳು. ಆಮೇಲೆ ಏನೋ ಕೇಳಿದಳು.

ಅರುಣಾ ಅದನ್ನು ಕನ್ನಡದಲ್ಲಿ ಹೇಳಿದಳು. "ಸಂಗೀತ ಅವರು ಕಾಲೇಜಲ್ಲಿದ್ದಾಗಿನ ಥರಾನೇ ಇದೆಯಂತೆ. ತುಂಬ ಚೆನ್ನಾಗಿದೆ ಅಂತಾರೆ. ಹಾಡ್ತಿರೋದು ಯಾವ ಭಾಷೆ, ನಿಮ್ಮ ಭಾಷೇನಾ ಅಂತ ಕೇಳ್ತಿದಾರೆ."

ಹೇಮಾಶ್ರೀ ಫೋನು ವಾಪಸು ತೆಗೆದುಕೊಂಡಳು. ಅರ್ಥ ಕೇಳಲೆಂದು ಬರೆದು ತಂದಿದ್ದ ಕಾಗದವನ್ನು ಹೊರಗೆ ತೆಗೆಯಲೇ ಇಲ್ಲ. ಕೈ ಮುಗಿದು ಬಂದುಬಿಟ್ಟಳು.

ಎರಡು ದಿನ ಅವಳು ಯಾರ ಫೋನನ್ನೂ ಎತ್ತಲಿಲ್ಲ. ಮೂರನೆಯ ದಿನ ಕೇಂದ್ರದಲ್ಲಿ ಮತ್ತೆ ಸರ್ವರ್ ಹೋಯಿತು. ಪಿಂಚಣಿಗೆ ಬಂದ ಮುದುಕನೊಬ್ಬ ಪಕ್ಕದವನಿಗೆ, "ಇದು ಬರೋದ್ರೊಳಗೆ ನಾನೇ ಹೊಂಟೋಯ್ತೀನಿ ಬುಡು," ಎಂದದ್ದು ಕೇಳಿಸಿತು. ಹೇಮಾಶ್ರೀಗೆ ಆ ಮಾತಿನ ನಡೆ ಹಿಡಿಸಿತು. ಅದಕ್ಕೊಂದು ಬಾಸ್ ಹೊಂದುತ್ತಿತ್ತು. ಅರ್ಜಿ ನಮೂನೆಯೊಂದರ ಹಿಂದೆ ಅವಳು ಎರಡು ಸಾಲು ಗೀಚಿದಳು.

ಬಸ್ಸು ಬರುವ ಹೊತ್ತಿಗೆ ಊರೇ ಬೇರೆ ಆಗಿದೆ
ಹತ್ತಿ ಕುಂತ ಮೇಲೂ ನನ್ನ ಕಾಲು ನಿಂತೇ ಇದೆ

ಸಂಜೆ ಬೇಲೂರಿಗೆ ಹೋಗಿ ಸೀರೆ ಅಂಗಡಿಯ ಮೆಟ್ಟಿಲ ಮೇಲೆ ಕೋಮಲಗೆ ಕೊಟ್ಟಳು. ಕೋಮಲ ಎರಡು ಸಲ ಓದಿ, ಮೂರನೆಯ ಸಲ ಹಾಡಿದಳು. ಅಲ್ಲಿಂದ ಯಗಚಿ ಸಿಟಿ ಕನ್ನಡದಲ್ಲಿ ಹಾಡತೊಡಗಿತು. ನಾದ ಆ ಜಪಾನಿನದೇ, ಆ ಕಾಲದ್ದೇ. ಮಾತು ಹಳೇಬೀಡಿನ ಕಟ್ಟೆಯದು. ಹೇಮಾಶ್ರೀ ಕವಿಯೇನಲ್ಲ. ಜನ ಕಾಯುವಾಗ ಆಡುವ ಮಾತನ್ನು ತಂದು ಜೋಡಿಸುತ್ತಿದ್ದಳು, ಸರಿಯಾಗದ್ದನ್ನು ಕೋಮಲ ಸರಿಮಾಡುತ್ತಿದ್ದಳು.

ಫೆಬ್ರವರಿಯ ಹೊತ್ತಿಗೆ ಆ ಬಸ್ಸಿನ ಹಾಡನ್ನು ಫೋನಿನಲ್ಲೇ ಚಿತ್ರೀಕರಿಸಿ ಹಾಕಿದರು. ಕೆಲವು ಸಾವಿರ ಜನ ನೋಡಿದರು. ಅವರಲ್ಲಿ ಬೆಂಗಳೂರಿನ ಒಂದು ಚಿಕ್ಕ ಸಭಾಂಗಣದವರೂ ಇದ್ದರು. ತಿಂಗಳಿಗೊಮ್ಮೆ ಹಳೆಯ ಜಪಾನಿ ಹಾಡುಗಳ ಸಂಜೆ ನಡೆಸುವವರು ಅವರು. ಮಾರ್ಚಿನ ಕೊನೆಯ ಶನಿವಾರ ಬರಬೇಕೆಂದು ಕರೆ ಬಂತು. ಅರಸೀಕೆರೆಯಿಂದ ಬೆಳಗಿನ ರೈಲಿಗೆ ಹೋಗುವುದೆಂದು ಐವರೂ ಕೂಡಿ ಗೊತ್ತು ಮಾಡಿದರು.

ಅಂದಿನಿಂದ ಹೇಮಾಶ್ರೀಯ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ದಿನಾ ಒಬ್ಬೊಬ್ಬರಿಗೂ ಫೋನು ಮಾಡುವಳು. ಧರ್ಮಪ್ಪ ಮಾತ್ರ ಎರಡು ಅಭ್ಯಾಸಕ್ಕೆ ಬರಲಿಲ್ಲ. ಫೋನು ಹೊಡೆದುಕೊಳ್ಳುತ್ತಿತ್ತು, ಎತ್ತುತ್ತಿರಲಿಲ್ಲ. ಮದುವೆಯ ಕಾಲ, ಮೆರವಣಿಗೆಗಳಲ್ಲಿ ಮುಳುಗಿದ್ದಾನೆ, ನಮ್ಮದು ಅವನಿಗೆ ಬೇಡವಾಗಿದೆ ಎಂದು ಅವಳು ತೀರ್ಮಾನಿಸಿದಳು. ಅರಸೀಕೆರೆಗೆ ಒಂದು ಸಲ ಹೋಗಿ ನೋಡಿದ್ದರೆ ಆಗುತ್ತಿತ್ತು. ಹೋಗಲಿಲ್ಲ. ಹಾಸನದಲ್ಲಿ ಒಬ್ಬ ಸ್ಯಾಕ್ಸೊಫೋನಿನವನನ್ನು ಗೊತ್ತು ಮಾಡಿದಳು.

"ಧರ್ಮಣ್ಣಂಗೆ ಒಂದ್ ಮಾತು ಹೇಳ್ಬೇಕಿತ್ತು ಅಕ್ಕ," ಎಂದ ಮನು.

"ಎತ್ತಿದ್ರಲ್ವಾ ಹೇಳೋಕೆ? ದಿನ ಎಲ್ಲಿದೆ ಮನು?"

ಆ ಶನಿವಾರ ಬೆಳಿಗ್ಗೆ ಹೇಮಾಶ್ರೀಯೂ ಬೇಲೂರಿನವರೂ ಬಸ್ಸಿಗೆ ಬಂದು ಅರಸೀಕೆರೆ ಸ್ಟೇಷನ್ನಿನಲ್ಲಿ ಇಳಿದರು. ಹಾಸನದವನೂ ಪೆಟ್ಟಿಗೆ ಹಿಡಿದು ಅವರ ಜೊತೆಗಿದ್ದ. ರೈಲಿಗೆ ಇನ್ನೂ ಹತ್ತು ನಿಮಿಷವಿತ್ತು. ಪ್ಲಾಟ್‌ಫಾರಮ್ಮಿನ ನೀರಿನ ನಲ್ಲಿಯ ಹತ್ತಿರ ಧರ್ಮಪ್ಪ ನಿಂತಿದ್ದ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಎಣ್ಣೆ ಹಾಕಿ ಬಾಚಿದ ತಲೆ, ಕೈಯಲ್ಲಿ ಸ್ಯಾಕ್ಸೊಫೋನಿನ ಹಳೆಯ ಪೆಟ್ಟಿಗೆ.

ಅವನು ಮೊದಲು ಹೇಮಾಶ್ರೀಯನ್ನು ನೋಡಿ ನಕ್ಕ. ಆಮೇಲೆ ಹಾಸನದವನ ಕೈಯ ಪೆಟ್ಟಿಗೆ ನೋಡಿದ. ನಗು ಅಲ್ಲೇ ನಿಂತಿತು.

"ಮೇಲಿನ ಮುಂದಿನ ಹಲ್ಲು ಎಲ್ಡು ಕೀಳಿಸ್ಬೇಕಾಯ್ತು ಕಣವ್ವ," ಎಂದ ಮೆಲ್ಲಗೆ. ಮಾತಿನ ನಡುವೆ ಗಾಳಿ ಸುಂಯ್ ಎಂದು ಸೋರುತ್ತಿತ್ತು. "ಫೋನಲ್ ಮಾತಾಡಿದ್ರೆ ಎಲ್ರಿಗೂ ಗೊತ್ತಾಯ್ತದೆ ಅಂತ ನಾಚ್ಕೆ ಆಯ್ತು. ನಾಕ್ ದಿನ ಆಯ್ತು ಕಟ್ಟಿಸ್ಕಂಡು. ಹೆಂಗೋ ಊದ್ಬುಡಾನ ಅಂತ ಬಂದೆ."

ಹಾಸನದವನು ಏನೂ ತಿಳಿಯದೆ ಬದಿಗೆ ಸರಿದು ನಿಂತ. ಹೇಮಾಶ್ರೀ ಏನೋ ಹೇಳಹೊರಟಳು. ಬಾಯಿಗೆ ಬಂದದ್ದೆಲ್ಲ ನೆಪದಂತೆ ಅವಳಿಗೇ ಕೇಳಿಸಿತು. ಅಷ್ಟರಲ್ಲಿ ರೈಲು ಬಂತು.

"ಹೋಗ್ಬನ್ನಿ. ಒಳ್ಳೇದಾಗ್ಲಿ," ಎಂದ ಧರ್ಮಪ್ಪ. ಮನುವಿನ ಡ್ರಮ್ಮಿನ ಚೀಲವನ್ನು ಒಂದು ಕೈ ಹಿಡಿದು ಬೋಗಿಗೆ ಏರಿಸಿಯೂ ಕೊಟ್ಟ. ಹೇಮಾಶ್ರೀ ಹತ್ತಿದಳು. ಹತ್ತಬಾರದಿತ್ತೇನೋ ಎಂದು ಆಮೇಲೆ ನೂರು ಸಲ ಅನ್ನಿಸಿತು. ಆ ಹೊತ್ತಿಗೆ ಹತ್ತಿದಳು.

ಬೆಂಗಳೂರು ತಲುಪುವವರೆಗೂ ಅವಳು ಬೋಗಿಯಲ್ಲಿ ಆ ತುದಿಯಿಂದ ಈ ತುದಿಗೆ ಓಡಾಡಿದಳು. ಸಂಜೆಯ ಕಾರ್ಯಕ್ರಮ ಚೆನ್ನಾಗಿಯೇ ಆಯಿತು. ಬಂದಿದ್ದ ಎಂಬತ್ತು ತೊಂಬತ್ತು ಜನರಿಗೆ ಆ ಸಂಗೀತ ಗೊತ್ತಿತ್ತು. ಬಾಸ್ ಮುಂದೆ ಬರುವ ಜಾಗದಲ್ಲಿ ಕೂಗಿ ಚಪ್ಪಾಳೆ ಹೊಡೆದರು. ಹಾಸನದವನು ಒಂದು ಸ್ವರವನ್ನೂ ತಪ್ಪಿಸಲಿಲ್ಲ. ಹೇಮಾಶ್ರೀ ಜೀವಮಾನದಲ್ಲಿ ಮೊದಲ ಸಲ ವೇದಿಕೆಯ ಮುಂಭಾಗದಲ್ಲಿ ನಿಂತಿದ್ದಳು. ಕಣ್ಣಿಗೆ ಮಾತ್ರ ನೀರಿನ ನಲ್ಲಿಯ ಹತ್ತಿರದ ಬಿಳಿ ಅಂಗಿ ಕಟ್ಟಿತ್ತು.

ಮರುದಿನ ಊರಿಗೆ ಹೋಗದೆ ಅರಸೀಕೆರೆಯಲ್ಲೇ ಇಳಿದು ಧರ್ಮಪ್ಪನ ಮನೆಗೆ ಹೋದಳು. ಅವನ ಹೆಂಡತಿ ವಸಂತಮ್ಮ ಬಾಗಿಲು ತೆಗೆದಳು, ಕುಳಿತುಕೋ ಎನ್ನಲಿಲ್ಲ. ಒಳಗೆ ಧರ್ಮಪ್ಪ ಒಂದೇ ಸ್ವರ ಊದುತ್ತಿದ್ದ. ಅದು ನಡುವೆ ಒಡೆದು, ಗಾಳಿಯಾಗಿ ಹೋಗುತ್ತಿತ್ತು.

"ನಂದು ತಪ್ಪಾಯ್ತು ಧರ್ಮಣ್ಣ," ಎಂದಳು ಹೇಮಾಶ್ರೀ. "ಬಂದು ನೋಡ್ಬೇಕಿತ್ತು."

ಧರ್ಮಪ್ಪ ವಾದ್ಯ ಕೆಳಗಿಟ್ಟ. "ತಪ್ಪು ಅನ್ನೋದ್ಕಿಂತ ಅವಸ್ರ ಕಣವ್ವ ನಿಂದು. ಬ್ಯಾಂಡ್ ಸೆಟ್ಟಲ್ಲಿ ಈಗ ನಂಗೆ ದೊಡ್ ಡೋಲು ಕೊಟ್ಟವ್ರೆ, ಊದಾಕಾಗಲ್ಲ ಅಂತ. ಅದ್ಕೆ ಬೇಜಾರಾಗ್ಲಿಲ್ಲ. ನಿಮ್ಜೊತೆ ಬಂದವ್ನ ಪೆಟ್ಗೆ ನೋಡಿ ಆಯ್ತು."

"ಮತ್ತೆ ಬರ್ತೀರಾ?"

"ಹಲ್ಲು ಕೂರ್ಬೇಕು. ಮನ್ಸೂ ಕೂರ್ಬೇಕು. ಟೈಮ್ ಹಿಡಿತದೆ."

"ಎಷ್ಟು?"

"ನೋಡು, ಅದೇ ಅವಸ್ರ," ಎಂದ ಧರ್ಮಪ್ಪ.

ಅವಳು ಮುಂದಿನ ಭಾನುವಾರ ಮತ್ತೆ ಹೋದಳು. ಅದರ ಮುಂದಿನದೂ. ಅವನು ಒಂದೊಂದೇ ಸ್ವರವನ್ನು ಉಸಿರು ಇರುವಷ್ಟು ಹೊತ್ತು ಊದುವುದು, ಕಟ್ಟಿಸಿದ ಹಲ್ಲು ಒತ್ತಿ ವಸಡು ನೋಯುತ್ತಲೇ ನಿಲ್ಲಿಸುವುದು. ಇವಳು ಎದುರಿಗೆ ಕುಳಿತು ಕೇಳುವುದು. ಅಷ್ಟೇ. ಅರ್ಧ ಗಂಟೆ ಕೈ ಕಟ್ಟಿ ಕೂರುವುದು ಅವಳಿಗೆ ಹೆಬ್ಬೆರಳ ಬೊಬ್ಬೆಗಿಂತ ಕಷ್ಟವಾಗಿತ್ತು. ಎಷ್ಟೋ ಸಲ ಎದ್ದು ಬಾಗಿಲವರೆಗೆ ಹೋಗಿ ಮತ್ತೆ ಬಂದು ಕುಳಿತಳು. ಐದನೆಯ ಭಾನುವಾರ ವಸಂತಮ್ಮ ಒಂದು ಲೋಟ ಕಾಫಿ ತಂದು ಮುಂದಿಟ್ಟಳು.

ಅಲ್ಲಿಂದ ಸ್ಟೇಷನ್ ಹಿಂದಿನ ಬೀದಿ ದೂರವಿರಲಿಲ್ಲ. ಒಂದು ದಿನ ಅಪ್ಪನ ಮನೆಗೂ ಹೋದಳು. ನಟರಾಜ್ ಟಿ.ವಿ. ನೋಡುತ್ತಿದ್ದ.

"ಅವತ್ತು ಹಂಗೆ ಅನ್ಬಾರ್ದಿತ್ತು ಅಪ್ಪ."

"ನೀನಂದಿದ್ದು ಸುಳ್ಳಲ್ಲ," ಎಂದ ನಟರಾಜ್. ಟಿ.ವಿ.ಯ ದನಿ ಇಳಿಸಿ, "ಆ ಬಸ್ಸಿನ ಹಾಡು ನೋಡ್ದೆ. ಎರಡನೇ ಚರಣದಲ್ಲಿ ಓಡ್ತೀಯ. ಡ್ರಮ್ಮಿಗಿಂತ ಮುಂದೆ ಹೋಗ್ತೀಯ. ಮೊದ್ಲಿಂದ್ಲೂ ಅದೇ ರೋಗ ನಿಂಗೆ," ಎಂದ. ಹೇಮಾಶ್ರೀ ಚೀಲದಿಂದ ಬಾಸ್ ತೆಗೆದು ಅವನ ಎದುರೇ ಆ ಚರಣ ನುಡಿಸಿದಳು. ನಟರಾಜ್ ಕುರ್ಚಿಯ ಕೈಯ ಮೇಲೆ ತಟ್ಟುತ್ತ, "ಇಲ್ಲಿ, ಇಲ್ಲಿ ಹಿಡ್ಕೋ," ಎಂದು ತಡೆದು ತೋರಿಸಿದ.

ಧರ್ಮಪ್ಪ ಬಂದಾಗ ಜುಲೈ. ಯಾರೂ ಕರೆದಿರಲಿಲ್ಲ. ಬೇಲೂರಿನ ಛತ್ರದ ಊಟದ ಹಾಲಿನ ಬಾಗಿಲಲ್ಲಿ ಪೆಟ್ಟಿಗೆ ಇಳಿಸಿ, "ಮೊದ್ಲಿನಂಗೆ ಮೇಲಿನ ಸ್ವರ ಬರಾಕಿಲ್ಲ. ಕೆಳಗಿನದ್ರಲ್ಲೇ ಏನಾರ ಮಾಡಾನ," ಎಂದ. ಮಧುಕುಮಾರ್ ಹಾಡುಗಳನ್ನೆಲ್ಲ ಅವನ ಉಸಿರಿಗೆ ತಕ್ಕಂತೆ ಇಳಿಸಿ ಬರೆದ. ಕೋಮಲಗೂ ಅದು ಹಿತವಾಯಿತು.

ಆ ತಿಂಗಳ ಕೊನೆಯ ಭಾನುವಾರ ಮಧ್ಯಾಹ್ನ ಅದೇ ಹಾಲಿನಲ್ಲಿ ಕುರ್ಚಿ ಹಾಕಿ ಊರಿನವರನ್ನು ಕರೆದರು. ಮಳೆ ಹನಿಯುತ್ತಿತ್ತು. ಹಾಕಿದ್ದ ನೂರು ಕುರ್ಚಿಯಲ್ಲಿ ಅರವತ್ತು ತುಂಬಿದವು. ಸೀರೆ ಅಂಗಡಿಯ ಹುಡುಗಿಯರು, ಮನುವಿನ ಗಿರಾಕಿಗಳು, ಸೇವಾ ಕೇಂದ್ರದ ಕಟ್ಟೆಯಲ್ಲಿ ಕಾಯುವ ಕೆಲವರು, ದೇವಸ್ಥಾನದ ಇಬ್ಬರು ಗೈಡುಗಳು. ಕುಮಾರ ತಾಯಿಯನ್ನೂ ಮಗಳನ್ನೂ ಕರೆತಂದು ಬಾಗಿಲ ಹತ್ತಿರ ನಿಂತಿದ್ದ. ನಟರಾಜ್ ಮುಂದಿನ ಸಾಲಿನಲ್ಲಿ ಕುಳಿತಿದ್ದ. ಯಾರೂ ನಗಲಿಲ್ಲ. ಬಸ್ಸಿನ ಹಾಡಿಗೆ ಹಿಂದಿನಿಂದ ಯಾರೋ, "ಇನ್ನೊಂದ್ ಕಿತ ಹೇಳ್ರವ್ವ," ಎಂದರು. ಇನ್ನೊಂದು ಸಲ ಹಾಡಿದರು. ಧರ್ಮಪ್ಪನ ಸ್ವರ ಒಂದು ಕಡೆ ಸೀಳಿತು. ಹೇಮಾಶ್ರೀಯ ಬಾಸ್ ಆ ಜಾಗದಲ್ಲಿ ಮುಂದಕ್ಕೆ ಓಡದೆ ಅವನು ಉಸಿರು ತೆಗೆದುಕೊಳ್ಳುವವರೆಗೆ ಅಲ್ಲೇ ಸುತ್ತುತ್ತ ಕಾದಿತು.

ಆಮೇಲೆ ಎಲ್ಲ ಸಲೀಸಾಯಿತು ಎಂದೇನಿಲ್ಲ. ಈಗ ಅವರ ಹತ್ತಿರ ಏಳು ಹಾಡುಗಳಿವೆ. ವರ್ಷಕ್ಕೆ ಐದಾರು ಕಡೆ ಕರೆಯುತ್ತಾರೆ. ಆರತಕ್ಷತೆಗಳಿಗೆ ಯಾರೂ ಕರೆಯುವುದಿಲ್ಲ. ಹೇಮಾಶ್ರೀ ಸೇವಾ ಕೇಂದ್ರದಲ್ಲೇ ಇದ್ದಾಳೆ. ಕೆಲಸ ಬಿಡುವ ಮಾತನ್ನು ತಿಂಗಳಿಗೊಮ್ಮೆ ಎತ್ತುತ್ತಾಳೆ, ಕುಮಾರ ಹೂಂ ಎನ್ನುತ್ತಾನೆ, ಅವಳು ಬಿಡುವುದಿಲ್ಲ. ಕಳೆದ ತಿಂಗಳು ಮನು ಟೈರು ಅಂಗಡಿಯನ್ನು ಮಂಗಳೂರಿಗೆ ಸಾಗಿಸಿದ. ಡ್ರಮ್ಮಿಗೆ ಜನವಿಲ್ಲ. ಚನ್ನರಾಯಪಟ್ಟಣದಲ್ಲಿ ಒಬ್ಬಳು ಹುಡುಗಿ ಇದ್ದಾಳಂತೆ, ಚರ್ಚಿನಲ್ಲಿ ಬಾರಿಸುತ್ತಾಳಂತೆ ಎಂದು ಕೋಮಲ ಎಲ್ಲೋ ಕೇಳಿ ಬಂದು ಹೇಳಿದಳು. ಮರುದಿನ ಹೇಮಾಶ್ರೀ ಕೇಂದ್ರಕ್ಕೆ ರಜೆ ಹೇಳಿ, ಬೆಳಿಗ್ಗೆ ಏಳೂವರೆಯ ಹಾಸನದ ಬಸ್ಸು ಹತ್ತಿದಳು. ಆ ಹುಡುಗಿಯ ಹೆಸರಾಗಲಿ ವಿಳಾಸವಾಗಲಿ ಅವಳಿಗೆ ಗೊತ್ತಿರಲಿಲ್ಲ. ಹಾಸನದಲ್ಲಿ ಬಸ್ಸು ಬದಲಿಸಿ ಚನ್ನರಾಯಪಟ್ಟಣಕ್ಕೆ ಹೋಗಿ, ಚರ್ಚು ಎಲ್ಲಿದೆ ಎಂದು ಕೇಳಿದರಾಯಿತು ಎಂದುಕೊಂಡಿದ್ದಳು.